ಮೇನ್ ಸ್ಟೋರಿ ಮುಗೀತು, ಇನ್ನೇನು? (ಫೈರ್‌ರೆಡ್ ಸರಣಿ, ಒಟ್ಟು 8 ಪೋಸ್ಟ್)

1/8

ಫ್ರೆಂಡ್ಸ್, ಹೋದ ತಿಂಗಳು ಸ್ಟೋರಿಯಲ್ಲಿ ಹಾಲ್ ಆಫ್ ಫೇಮ್ ಸ್ಕ್ರೀನ್‌ಶಾಟ್ ಹಾಕಿದ್ದೆ. ಬಂದ ರಿಪ್ಲೈಗಳಲ್ಲಿ ಅರ್ಧ "ಇಪ್ಪತ್ತು ವರ್ಷ ಆಯ್ತಲ್ಲೋ, ಇನ್ನೂ ಪೊಕೆಮಾನ್ ಆಡ್ತೀಯಾ" ಅಂತ. ಇನ್ನರ್ಧ, ಅದ್ರಲ್ಲೂ ಪಿಯುಸಿ ಹುಡುಗ್ರು, "ಅಣ್ಣ, ನಂದೂ ಮುಗೀತು, ಇನ್ನೇನ್ ಮಾಡೋದು?" ಅಂತ. ಮೊದಲನೇ ಗುಂಪಿಗೆ ಉತ್ತರ: ಹೌದು, ಆಡ್ತೀನಿ. ಎರಡನೇ ಗುಂಪಿಗೆ ಈ ಸರಣಿ. ಒಂದು ಕ್ಯಾಪ್ಶನ್‌ಗೆ 2200 ಅಕ್ಷರ ಅಷ್ಟೇ ಬಿಡ್ತಾರೆ, ಅದಕ್ಕೇ ಎಂಟು ತುಂಡು.

ಗೊತ್ತಿಲ್ಲದವರಿಗೆ ಬೇಗ ಹೇಳಿಬಿಡ್ತೀನಿ. ಗೇಮ್ ಹೆಸರು ಪೊಕೆಮಾನ್ ಫೈರ್‌ರೆಡ್. 2004ರಲ್ಲಿ ಗೇಮ್ ಬಾಯ್ ಅಡ್ವಾನ್ಸ್‌ಗೆ ಬಂದಿದ್ದು, ಅಂದ್ರೆ ನಾನು ಹುಟ್ಟೋಕೂ ಮುಂಚೆ. ನಮ್ಮ ಕಡೂರಲ್ಲಿ ಆ ಡಬ್ಬಿನ ಕಣ್ಣಾರೆ ನೋಡಿದವರು ನಂಗಂತೂ ಯಾರೂ ಸಿಕ್ಕಿಲ್ಲ. ನಾವೆಲ್ಲ ಅಪ್ಪಂದೋ ಅಕ್ಕಂದೋ ಹಳೇ ಫೋನಲ್ಲಿ ಎಮ್ಯುಲೇಟರ್ ಹಾಕ್ಕೊಂಡು ಆಡಿದವರು. ಅದು ನೆಟ್ಟಗಿನ ದಾರಿ ಅಲ್ಲ ಅಂತ ಗೊತ್ತು. ಡಿಎಂನಲ್ಲಿ ಲಿಂಕ್ ಕೇಳ್ಬೇಡಿ, ಕೊಡಲ್ಲ.

ಕಥೆ ಇಷ್ಟೇ. ಸಣ್ಣ ಊರಿನ ಹುಡುಗ, ಮೂರು ಪ್ರಾಣಿಗಳಲ್ಲಿ ಒಂದನ್ನ ಆರಿಸ್ಕೋತಾನೆ, ಊರೂರು ಸುತ್ತಿ ಎಂಟು ಬ್ಯಾಡ್ಜ್ ಗೆಲ್ತಾನೆ, ಎಲೀಟ್ ಫೋರ್ ಅನ್ನೋ ನಾಲ್ಕು ಜನರನ್ನ, ಆಮೇಲೆ ಚಾಂಪಿಯನ್‌ನ ಸೋಲಿಸ್ತಾನೆ. ಹಾಡು ಬರುತ್ತೆ, ಹೆಸರುಗಳು ಮೇಲಕ್ಕೆ ಹೋಗ್ತವೆ. ಆಮೇಲೆ ಗೇಮ್ ನಿಮ್ಮನ್ನ ತಂದು ಅದೇ ಸಣ್ಣ ಊರಲ್ಲಿ ಬಿಡುತ್ತೆ. ಅಮ್ಮ ಮನೇಲೇ ಇರ್ತಾರೆ. ಯಾರೂ ಏನೂ ಹೇಳಲ್ಲ.

ನಂದು ಬಿಕಾಂ ಐದನೇ ಸೆಮ್. ಈಗೀಗ ನೆಂಟರ ಮನೇಲಿ ಎಲೆ ಮುಂದೆ ಕೂತಾಗ್ಲೆಲ್ಲ "ಮುಂದೇನಪ್ಪಾ?" ಅಂತ ಕೇಳ್ತಾರೆ. ಅದನ್ನ ಈ ಸರಣಿಗೆ ಎಳೀಬಾರ್ದು ಅಂದ್ಕೊಂಡಿದ್ದೆ. ನೋಡೋಣ.

2/8

(ಫೋಟೊ: ನನ್ನ ರಫ್ ನೋಟ್ ಬುಕ್‌ನ ಕೊನೇ ಪುಟ. ಕಾಸ್ಟಿಂಗ್ ಪ್ರಾಬ್ಲಂ ಅಲ್ಲ ಅದು, ಪೊಕೆಡೆಕ್ಸ್ ಲೆಡ್ಜರ್.)

ಮೊದಲ ಕೆಲಸ: ಎಷ್ಟು ಹಿಡಿದಿದೀರ ಅಂತ ಎಣಿಸಿ. ನೋಡಿದ್ದು ಅಲ್ಲ, ಹಿಡಿದಿದ್ದು. ಚಾಂಪಿಯನ್ ಆದ್ಮೇಲೆ ನಿಮ್ಮ ಡೆಕ್ಸ್‌ನಲ್ಲಿ 60 ಜಾತಿ ಇದ್ರೆ ಮಾತ್ರ ಪ್ರೊಫೆಸರ್ ಓಕ್ ನ್ಯಾಷನಲ್ ಡೆಕ್ಸ್ ಕೊಡ್ತಾರೆ. ಅದಿಲ್ಲದೆ ಮುಂದಿನ ದ್ವೀಪಗಳಿಗೆ ದಾರಿ ಇಲ್ಲ. ತುಂಬಾ ಜನ "ಗೇಮ್ ಮುಗೀತು, ಇನ್ನೇನೂ ಇಲ್ಲ" ಅಂತ ಡಿಲೀಟ್ ಮಾಡೋದು ಇದು ಗೊತ್ತಿಲ್ದೆ. ಅರ್ಧ ಗೇಮ್ ಬಾಗಿಲ ಹಿಂದೆ ಇದೆ ಕಣ್ರೋ.

ಈ ಸಲ ನಂದು ಎಷ್ಟಿತ್ತು ಗೊತ್ತಾ? 43. ಚಾಂಪಿಯನ್ ಆಗಿದೀನಿ, ಚಾರಿಜಾರ್ಡ್ ಲೆವೆಲ್ 62, ಆದ್ರೆ 43. ಚಾರಿಜಾರ್ಡ್ ಒಂದನ್ನೇ ಬೆಳೆಸ್ಕೊಂಡು ಉಳಿದೋರ್ನೆಲ್ಲ ಸುಟ್ಕೊಂಡು ಬಂದಿದ್ದಕ್ಕೆ ಈ ಗತಿ. ಒಂದೇ ಪ್ರಶ್ನೆಗೆ ಬಾಯಿಪಾಠ ಮಾಡಿ ಪಾಸಾದವನ ಕಥೆ. ಮತ್ತೆ ಮೊದಲನೇ ಊರಿನ ಹುಲ್ಲಿಗೆ ಹೋದೆ. ಆವಾಗ ಓಡಿ ದಾಟಿದ್ದ ಹುಲ್ಲಲ್ಲಿ ನಿಂತು ಸ್ಪಿಯರೋ, ವೀಡಲ್, ನಿಡೊರಾನ್. ಲೆವೆಲ್ 4ರ ಪ್ರಾಣಿ, ಚಾರಿಜಾರ್ಡ್ ಮುಟ್ಟಿದ್ರೆ ಸತ್ತೇ ಹೋಗುತ್ತೆ, ಹಾಗಾಗಿ ಅದನ್ನ ಬಿಟ್ಟು ಸಣ್ಣದನ್ನ ಮುಂದೆ ಇಡ್ಬೇಕು. ನಿಧಾನದ ಕೆಲಸ. ನಂಗೆ ಇಡೀ ಗೇಮಲ್ಲಿ ಇಷ್ಟ ಆಗಿದ್ದು ಇದೇ ಭಾಗ, ಯಾಕೆ ಅಂತ ಕೇಳ್ಬೇಡಿ.

ಬಾಕ್ಸ್ ಸಾಲಲ್ಲ ಅನ್ನೋ ಭಯ ಬೇಡ. ಪಿಸಿಯಲ್ಲಿ 14 ಬಾಕ್ಸ್, ಒಂದೊಂದ್ರಲ್ಲಿ 30. ನಮ್ಮ ಮನೆ ಅಟ್ಟಕ್ಕಿಂತ ಜಾಗ ಇದೆ.

3/8

60 ಆಯ್ತು ಅಂದ್ಕೊಳ್ಳಿ. ಈಗ ಸೆವಿ ದ್ವೀಪಗಳು. ಮೊದಲ ಮೂರು ದ್ವೀಪ ನೀವು ಕಥೆ ಮಧ್ಯದಲ್ಲೇ ನೋಡಿರ್ತೀರ, ಈಗ ನಾಲ್ಕರಿಂದ ಏಳು ತೆರೆಯುತ್ತೆ. ಒಂದನೇ ದ್ವೀಪದಲ್ಲಿ ಸೆಲಿಯೊ ಅನ್ನೋನ ಮಷಿನ್‌ಗೆ ಎರಡು ರತ್ನ ಬೇಕು. ರೂಬಿ ಅದೇ ದ್ವೀಪದ ಮೌಂಟ್ ಎಂಬರ್ ಒಳಗೆ. ಸಫೈರ್ ಆರನೇ ದ್ವೀಪದ ಗುಹೇಲಿ, ಅದೂ ಕಣ್ಮುಂದೇನೆ ಒಬ್ಬ ಕದ್ಕೊಂಡು ಹೋಗ್ತಾನೆ. ಆ ಗುಹೆ ಬಾಗಿಲಲ್ಲಿ ಚುಕ್ಕಿ ಚುಕ್ಕಿ ಬರಹ ಇರುತ್ತೆ. ಡಿಸೈನ್ ಅಲ್ಲ, ಬ್ರೈಲ್ ಲಿಪಿ. ನಾನು ಒಂದು ವಾರ ಅಲ್ಲಿ ಸಿಕ್ಕಾಕ್ಕೊಂಡಿದ್ದೆ. ಆ ಬಾಗಿಲಿಗೆ ಕಟ್ ಹಾಕಿ, ಮುಂದಿನದನ್ನ ನೀವೇ ಓದಿ.

ನಾಲ್ಕನೇ ದ್ವೀಪಕ್ಕೆ ಹೋದ್ರೆ ಲೊರೆಲೈ ಮನೆ ನೋಡಿ ಬನ್ನಿ. ಎಲೀಟ್ ಫೋರ್‌ನಲ್ಲಿ ಹೆದರಿಸಿದವಳು. ಅವಳ ಸ್ವಂತ ಊರು ಅದು, ಮನೆ ತುಂಬ ಗೊಂಬೆ. ಅಲ್ಲೇ ಡೇ ಕೇರ್ ಇದೆ, ಅಲ್ಲಿ ಎರಡು ಪೊಕೆಮಾನ್ ಬಿಟ್ರೆ ಮೊಟ್ಟೆ ಸಿಗುತ್ತೆ.

ರತ್ನ ಎರಡೂ ಕೊಟ್ರೆ ಎರಡು ವಿಷಯ ಆಗುತ್ತೆ. ಒಂದು, ಸೆರುಲಿಯನ್ ಗುಹೆ ಮುಂದೆ ನಿಂತಿದ್ದ ಕಾವಲಿನವನು ಹೋಗ್ತಾನೆ, ಒಳಗೆ ಲೆವೆಲ್ 70ರ ಮ್ಯೂಟೂ. ಎರಡು, ಊರೂರು ಅಲೆಯೋ ಒಂದು ಪ್ರಾಣಿ ಬರುತ್ತೆ. ನೀವು ಮೊದಲು ಬಲ್ಬಸಾರ್ ತಗೊಂಡಿದ್ರೆ ಎಂಟೇ, ನನ್ನ ಹಾಗೆ ಚಾರ್ಮಾಂಡರ್ ತಗೊಂಡಿದ್ರೆ ಸೂಕುನ್, ಸ್ಕ್ವರ್ಟಲ್ ಆದ್ರೆ ರೈಕೂ. ಎದುರಾದ ತಕ್ಷಣ ಓಡಿಹೋಗುತ್ತೆ. ಎಂಟೇ, ರೈಕೂ ಬಂದವರು ಹುಷಾರು: ಅದು ರೋರ್ ಅನ್ನೋ ಮೂವ್ ಹಾಕಿ ಜಗಳ ಮುಗಿಸಿದ್ರೆ ಮತ್ತೆ ಯಾವತ್ತೂ ಸಿಗಲ್ಲ. ಗೇಮ್ ಮಾಡಿದವರದ್ದೇ ತಪ್ಪು ಅದು, ಸರಿ ಮಾಡ್ಲೇ ಇಲ್ಲ.

ಮಾಸ್ಟರ್ ಬಾಲ್ ಇರೋದು ಒಂದೇ. ಎಲ್ರೂ ಮ್ಯೂಟೂಗೆ ಇಟ್ಕೋತಾರೆ. ನನ್ನ ಮಾತು ಕೇಳಿ, ಓಡಿಹೋಗೋದಕ್ಕೆ ಹಾಕಿ. ಮ್ಯೂಟೂ ಎಲ್ಲೂ ಹೋಗಲ್ಲ, ಮುಂಚೆ ಸೇವ್ ಮಾಡ್ಕೊಂಡು ಅಲ್ಟ್ರಾ ಬಾಲ್ ಮೂಟೆ ಹೊತ್ಕೊಂಡು ಹೋಗಿ.

4/8

(ಫೋಟೊ: ಬೆಂಕಿಪೊಟ್ಟಣ. ಒಳಗೆ ಏನೂ ಇಲ್ಲ, ಸುಮ್ನೆ.)

ಇಷ್ಟೆಲ್ಲ ಮಾಡಿದ್ರೂ ಒಬ್ಬರಿಗೇ 150 ತುಂಬಲ್ಲ. ಆಗೋದೇ ಇಲ್ಲ, ಹಾಗೇ ಮಾಡಿಟ್ಟಿದಾರೆ. ಫೈರ್‌ರೆಡ್ ಜೊತೆ ಲೀಫ್‌ಗ್ರೀನ್ ಅಂತ ಇನ್ನೊಂದು ಬಂತು. ಗ್ರೌಲಿತ್, ಸೈತರ್, ಸೈಡಕ್ ನಂದ್ರಲ್ಲಿ ಸಿಗುತ್ತೆ. ವಲ್ಪಿಕ್ಸ್, ಪಿನ್ಸರ್, ಸ್ಲೋಪೋಕ್ ಬೇಕು ಅಂದ್ರೆ ಲೀಫ್‌ಗ್ರೀನ್ ಇರೋ ಇನ್ನೊಬ್ಬ ಬೇಕು. ಅಷ್ಟೇ ಅಲ್ಲ, ಹಾಂಟರ್, ಕಡಾಬ್ರಾ, ಮಚೋಕ್, ಗ್ರಾವೆಲರ್ ನಾಲ್ಕೂ ಇನ್ನೊಬ್ಬರ ಕೈಗೆ ಹೋದ್ರೆ ಮಾತ್ರ ಮುಂದಿನ ರೂಪಕ್ಕೆ ಬೆಳೀತವೆ. ನೀವು ಲೆವೆಲ್ 100 ಮಾಡಿದ್ರೂ ಹಾಂಟರ್ ಹಾಂಟರೇ.

ಇದನ್ನ ಶುರು ಮಾಡಿದವರು ಜಪಾನಿನ ಸತೋಶಿ ತಜಿರಿ. ಚಿಕ್ಕವರಿದ್ದಾಗ ಟೋಕಿಯೊ ಪಕ್ಕದ ಮಚಿಡಾದಲ್ಲಿ ಹುಳ ಹಿಡಿಯೋ ಹುಚ್ಚಂತೆ. ಆಮೇಲೆ ಎರಡು ಗೇಮ್ ಬಾಯ್ ಮಧ್ಯೆ ಹಾಕೋ ಕೇಬಲ್ ನೋಡಿದಾಗ, ಹುಳ ಒಂದು ಕಡೆಯಿಂದ ಇನ್ನೊಂದು ಕಡೆಗೆ ತಂತಿ ಮೇಲೆ ಹರಿದು ಹೋದಂಗೆ ಅನ್ನಿಸ್ತಂತೆ. 1996ರ ಫೆಬ್ರವರಿಯಲ್ಲಿ ಮೊದಲ ಗೇಮ್ ಬಂತು.

ಇದನ್ನ ಅಪ್ಪಂಗೆ ಹೇಳ್ದೆ. ಅಪ್ಪ ಗೇಮ್ ಅಂದ್ರೆ ಉರಿದು ಬೀಳೋ ಮನುಷ್ಯ. ಆದ್ರೆ ಹುಳದ ಮಾತು ಬಂದ ತಕ್ಷಣ ಪೇಪರ್ ಕೆಳಗಿಟ್ರು. "ಜೀರ್ಜಿಂಬೆ ಅಂತ ಇತ್ತು ಕಣೋ. ಹಸಿರು, ಹೊಳೆಯೋದು. ಬೆಂಕಿಪೊಟ್ಟಣದಲ್ಲಿ ಜಾಲಿ ಸೊಪ್ಪು ಹಾಕಿ ಸಾಕ್ತಿದ್ವಿ. ಮೊಟ್ಟೆ ಇಟ್ರೆ ಇಡೀ ಕ್ಲಾಸು ನೋಡೋಕೆ ಬರೋದು." ಬದಲಾಯಿಸ್ಕೋತಿದ್ರಾ ಅಂತ ಕೇಳ್ದೆ. "ಮತ್ತೆ? ಒಂದು ಜೀರ್ಜಿಂಬೆಗೆ ಎರಡು ಬಳಪ." ಅಪ್ಪಂಗೆ ಎಕ್ಸ್‌ಚೇಂಜ್ ರೇಟ್ ಇನ್ನೂ ನೆನಪಿದೆ.

5/8

ಇಲ್ಲಿವರೆಗೂ ಬರೆದಿದ್ದು ಸುಲಭ ಇತ್ತು. ಇನ್ನು ಮುಂದಿನದು ನಾನು ಡ್ರಾಫ್ಟ್‌ನಲ್ಲಿ ಇಟ್ಟು ಹತ್ತು ದಿನ ಆಯ್ತು.

ಪಿಯುಸಿಯಲ್ಲಿ ನಾವು ಮೂರು ಜನ. ಅವರಿಬ್ಬರು ಹಾಸ್ಟೆಲ್, ನಾನು ಮನೆ. ಹೆಸರು ಹಾಕಲ್ಲ, ನಮ್ಮ ಕ್ಲಾಸಲ್ಲೂ ಊರ ಹೆಸರಲ್ಲೇ ಕರೀತಿದ್ವಿ: ಕಡೂರು, ತರೀಕೆರೆ, ಅಜ್ಜಂಪುರ. ಮೂರೂ ಜನ ಮೂರು ಸ್ಟಾರ್ಟರ್. ನಾನು ಚಾರ್ಮಾಂಡರ್, ತರೀಕೆರೆ ಬಲ್ಬಸಾರ್, ಅಜ್ಜಂಪುರ ಸ್ಕ್ವರ್ಟಲ್. ನಾನೂ ತರೀಕೆರೆನೂ ಫೈರ್‌ರೆಡ್, ಅಜ್ಜಂಪುರ ಒಬ್ನೇ ಲೀಫ್‌ಗ್ರೀನ್. ಗೇಮಲ್ಲಿ ಎದುರಾಳಿಗೆ ಹೆಸರು ನಾವೇ ಇಡ್ಬೇಕು. ನಾನು ಇಂಗ್ಲಿಷಲ್ಲಿ ಅಜ್ಜಂಪುರ ಅಂತ ಟೈಪ್ ಮಾಡಿದ್ರೆ ಏಳೇ ಅಕ್ಷರಕ್ಕೆ ನಿಂತು "ಅಜ್ಜಂಪು" ಆಯ್ತು. ವರ್ಷ ಪೂರ್ತಿ ಅವನ ಹೆಸರು ಅದೇ.

ಸೆಕೆಂಡ್ ಪಿಯುಸಿ ಕೊನೆಗೆ ನಂದು 118 ಆಗಿತ್ತು. ಆ ಟೈಮಲ್ಲೇ ಅವನು ಫೋನ್ ಮಾರಿದ. ಅವರಪ್ಪನಿಗೆ ಹುಷಾರಿರಲಿಲ್ಲ, ನಮಗೆ ಗೊತ್ತಿತ್ತು, ಆದ್ರೆ ಅದರ ಬಗ್ಗೆ ನಾವ್ಯಾರೂ ಮಾತಾಡ್ಲಿಲ್ಲ. ಒಂದು ಶನಿವಾರ ಬಂದು "ಭಾನುವಾರ ಒಂದಿನ ನಿನ್ನ ಫೋನ್ ಕೊಡೋ, ಹಾಸ್ಟೆಲ್‌ನಲ್ಲಿ ಬೇಜಾರು" ಅಂದ. ಕೊಟ್ಟೆ. ಅವನು ಮೊದಲಿಂದ ಒಂದ್ಸಲ ಆಡೋಣ ಅಂತ ನ್ಯೂ ಗೇಮ್ ಒತ್ತಿದಾನೆ. ಫೈರ್‌ರೆಡ್‌ನಲ್ಲಿ ಸೇವ್ ಇರೋದು ಒಂದೇ. ಹಳೇದರ ಮೇಲೆ ಬರೀಲಾ ಅಂತ ಕೇಳುತ್ತೆ, ಇವನು ಮಾತಿನ ಭರದಲ್ಲಿ ಎ, ಎ, ಎ ಒತ್ಕೊಂಡು ಹೋಗಿದಾನೆ. ಸೋಮವಾರ ನಾನು ತೆಗೆದು ನೋಡಿದ್ರೆ ಮನೆ ಮುಂದೆ ಸ್ಕ್ವರ್ಟಲ್ ಹಿಡ್ಕೊಂಡು ನಿಂತಿದೀನಿ. 118 ಇಲ್ಲ.

ಬೈದೆ. ಅದು ಪರವಾಗಿಲ್ಲ, ಯಾರಾದ್ರೂ ಬೈತಿದ್ರು. ಆದ್ರೆ ಬೈಯೋವಾಗ "ನಿಂದು ಮಾರ್ಕೊಂಡಿದ್ದೂ ಅಲ್ದೆ ನನ್ನದನ್ನ ಹಾಳು ಮಾಡೋಕೆ ಬಂದ್ಯಾ" ಅಂದೆ. ಕಾರಿಡಾರಲ್ಲಿ, ಎಲ್ರ ಮುಂದೆ. ಅವನು ಏನೂ ಹೇಳ್ಲಿಲ್ಲ. ಶೂ ನೋಡ್ಕೊಂಡು ನಿಂತಿದ್ದ. ಆಮೇಲೆ ಪರೀಕ್ಷೆ, ಆಮೇಲೆ ರಜೆ. ನಾನೂ ತರೀಕೆರೆನೂ ಡಿಗ್ರಿ ಸೇರಿದ್ವಿ. ಅವನು ಸೇರ್ಲಿಲ್ಲ. ಎರಡು ವರ್ಷಕ್ಕಿಂತ ಹೆಚ್ಚು, ಒಂದು ಮೆಸೇಜ್ ಇಲ್ಲ.

6/8

ಈ ಸಲ ರಜೆಯಲ್ಲಿ ಮತ್ತೆ ಶುರು ಮಾಡಿ ಮುಗಿಸಿದ್ದು, 43ರಿಂದ 60 ದಾಟಿದ್ದು, ದ್ವೀಪ, ಮ್ಯೂಟೂ ಎಲ್ಲ ಮೇಲೆ ಹೇಳಿದೆ. ಲೆಡ್ಜರ್‌ನಲ್ಲಿ ಉಳಿದಿದ್ದೆಲ್ಲ ಹೆಚ್ಚುಕಮ್ಮಿ ಒಂದೇ ಕಾಲಂನಲ್ಲಿ ಬಂತು: "ಇನ್ನೊಬ್ಬರಿಂದ". ತರೀಕೆರೆಗೆ ಫೋನ್ ಮಾಡ್ದೆ. ಅವನು "ನನ್ನ ಹತ್ರ ಇರೋದೆಲ್ಲ ನಿನ್ನ ಹತ್ರಾನೂ ಇದೆ ಕಣೋ. ಯಾರಿಗೆ ಫೋನ್ ಮಾಡ್ಬೇಕು ಅಂತ ನಿಂಗೆ ಗೊತ್ತಲ್ಲ" ಅಂದು ನಂಬರ್ ಕಳಿಸಿದ. ಅವನಿಗೆ ಅದು ಮೊದಲಿಂದಲೂ ಗೊತ್ತಿತ್ತಂತೆ, ಇಬ್ರೂ ಮಾತಾಡ್ತಾನೇ ಇದ್ರಂತೆ. ನಾನು ಕೇಳಿರ್ಲಿಲ್ಲ ಅಷ್ಟೇ.

ಮೆಸೇಜ್ ಟೈಪ್ ಮಾಡಿ ಅಳಿಸಿ, ಟೈಪ್ ಮಾಡಿ ಅಳಿಸಿ, ಕೊನೆಗೆ ಕಳಿಸಿದ್ದು ಇದು: "ನಾನು ಕಡೂರು. ಲೀಫ್‌ಗ್ರೀನ್ ಇದ್ಯಾ?" ಎರಡು ಗಂಟೆ ಆದ್ಮೇಲೆ ಉತ್ತರ: "ಇದೆ. ಭಾನುವಾರ ಬಾ. ಈರುಳ್ಳಿ ಕೀಳ್ತಿದೀವಿ, ಹಳೇ ಬಟ್ಟೆ ಹಾಕ್ಕೊಂಡು ಬಾ."

ಬೀರೂರಿಗೆ ಹೋಗಿ ಅಲ್ಲಿಂದ ಅಜ್ಜಂಪುರದ ಬಸ್. ಕಡೂರು ಕಡೆ ತೆಂಗು ನೋಡಿ ನೋಡಿ ಬಂದವನಿಗೆ ಆ ಕಡೆ ಬಯಲು ಬೇರೆ ಥರ ಕಾಣುತ್ತೆ, ಈರುಳ್ಳಿ ಕಾಲದಲ್ಲಂತೂ ಬಸ್ಸಲ್ಲೇ ವಾಸನೆ ಹೊಡೆಯುತ್ತೆ. ಸ್ಟ್ಯಾಂಡಲ್ಲಿ ಬೈಕ್ ಹಿಡ್ಕೊಂಡು ನಿಂತಿದ್ದ. ದಪ್ಪ ಆಗಿದಾನೆ. "ಏನ್ಲಾ" ಅಂದ. "ಏನಿಲ್ಲ" ಅಂದೆ. ಹಿಂದೆ ಹತ್ತಿದೆ.

ಮಧ್ಯಾಹ್ನದವರೆಗೂ ಗೇಮ್ ಮಾತೇ ಇಲ್ಲ. ಹೊಲದಲ್ಲಿ ಈರುಳ್ಳಿ ಹರಡಿದ್ರು, ಸೊಪ್ಪು ಕೊಯ್ದು ದಪ್ಪದ್ದು ಸಣ್ಣದ್ದು ಬೇರೆ ಮಾಡಿ ಚೀಲಕ್ಕೆ ತುಂಬೋದು. ನಾನು ತುಂಬಿದ ಚೀಲನ ಅವರಮ್ಮ ಮತ್ತೆ ಸುರಿದು ಆರಿಸಿದ್ರು. "ಓದೋ ಹುಡುಗ, ಬಿಡು" ಅಂತ ನಕ್ರು. ಅವರಪ್ಪ ಈಗ ಓಡಾಡ್ತಾರೆ, ಮರದ ಕೆಳಗೆ ಕೂತು ಚೀಲ ಹೊಲೀತಿದ್ರು. ರೇಟು ಕೇಳ್ದೆ. "ಅದನ್ನ ಮಾತ್ರ ಕೇಳ್ಬೇಡಪ್ಪ" ಅಂದ್ರು. ಬಿಕಾಂನಲ್ಲಿ ಬ್ರೇಕ್ ಈವನ್ ಪಾಯಿಂಟ್‌ಗೆ ಗ್ರಾಫ್ ಹಾಕಿ ಹತ್ತು ಮಾರ್ಕ್ಸ್ ತಗೊಂಡಿದೀನಿ. ಅಲ್ಲಿ ಕೂತು ಬೀಜ, ಗೊಬ್ಬರ, ಆಳು, ಚೀಲ, ಲಾರಿ ಬಾಡಿಗೆ ಅಂತ ಅವನು ಬೆರಳಲ್ಲಿ ಎಣಿಸ್ತಿದ್ದಾಗ ನನ್ನ ಗ್ರಾಫ್ ಎಲ್ಲಿ ಹಾಕೋದು ಅಂತ ಗೊತ್ತಾಗ್ಲಿಲ್ಲ.

7/8

(ಫೋಟೊ: ದೂರದಲ್ಲಿ ಕಾಣೋ ಬೂದು ಬಣ್ಣದ್ದು ಅಮೃತ ಮಹಲ್. ಹತ್ರ ಹೋಗೋ ಧೈರ್ಯ ಇರ್ಲಿಲ್ಲ.)

ಊಟ ಆದ್ಮೇಲೆ ಕಾವಲು ಕಡೆ ಕರ್ಕೊಂಡು ಹೋದ. ಅಮೃತ ಮಹಲ್ ತಳಿ ಸಂವರ್ಧನಾ ಕೇಂದ್ರ ಇರೋದು ಅಜ್ಜಂಪುರದಲ್ಲೇ. ಪಕ್ಕದ ಊರಲ್ಲಿ ಇಪ್ಪತ್ತು ವರ್ಷದಿಂದ ಇದೀನಿ, ನೋಡಿರ್ಲಿಲ್ಲ. ಕೊಂಬು ಎರಡೂ ಮೇಲಕ್ಕೆ, ಹಿಂದಕ್ಕೆ, ತುದಿ ಮೊನಚು, ಒಂದಕ್ಕೊಂದು ಹತ್ರ. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಈ ಇಲಾಖೆಗೆ ಬೆಣ್ಣೆ ಚಾವಡಿ ಅಂತ ಹೆಸರು, ಅಮೃತ ಮಹಲ್ ಅಂತ ಮಾಡಿದ್ದು ಟಿಪ್ಪು. ಫಿರಂಗಿ ಎಳೆಯೋಕೆ ಇವೇ ಎತ್ತುಗಳು. ನಾನು "ಟಾರೋಸ್ ಥರ ಇದೆ" ಅಂದೆ. "ಟಾರೋಸ್ ಇದರ ಥರ ಇದೆ ಅನ್ನು" ಅಂದ. ಸಫಾರಿ ಝೋನಲ್ಲಿ ಟಾರೋಸ್ ಹಿಡಿಯೋಕೆ ನಾವು ಒಂದು ಸಂಜೆ ಪೂರ್ತಿ ಕಲ್ಲು ಎಸೆದಿದ್ದು ಇಬ್ರಿಗೂ ನೆನಪಾಯ್ತು. ಇಲ್ಲಿ ಕಲ್ಲು ಎಸೆದ್ರೆ ನಮ್ಮನ್ನೇ ಬಾಲ್‌ಗೆ ಹಾಕುತ್ತೆ.

ಒಂದು ಮರದ ಕೆಳಗೆ ಕೂತು ಫೋನ್ ತೆಗೆದ್ವಿ. ಅವನ ಹಾಟ್‌ಸ್ಪಾಟ್, ನನ್ನ ವೈಫೈ. ಇಬ್ರೂ ಪೊಕೆಮಾನ್ ಸೆಂಟರ್ ಮಹಡಿ ಹತ್ತಿದ್ವಿ. ಎರಡು ಸಲ ಲಿಂಕ್ ಕಟ್ಟಾಯ್ತು. ಮೂರನೇ ಸಲ ಹಿಡೀತು.

ಮೊದಲು ನನ್ನ ಹಾಂಟರ್ ಹೋಯ್ತು. ಅವನ ಸ್ಕ್ರೀನಲ್ಲಿ ಬೆಳ್ಳಗೆ ಹೊಳೆದು ಗೆಂಗಾರ್ ಆಯ್ತು. ಗೊತ್ತಾ, ಆ ಕ್ಷಣದಲ್ಲಿ ಅದು ಅವನದ್ದು. ಅವನು ಅಲ್ಲೇ ಆಫ್ ಮಾಡಿ ಎದ್ದು ಹೋದ್ರೆ ನಾನೇನೂ ಮಾಡೋಕಾಗಲ್ಲ. ಅವನು ಒಂದ್ನಿಮಿಷ ಅದನ್ನ ನೋಡ್ತಾ ಕೂತಿದ್ದ.

"118 ಇತ್ತಲ್ವಾ ಆವಾಗ" ಅಂದ.

ಎರಡು ವರ್ಷ ಆಗಿದೆ, ನಂಬರ್ ನೆನಪಿಟ್ಟಿದಾನೆ. ನಾನು "ಆ ಕಾರಿಡಾರಲ್ಲಿ ನಾನು ಅಂದಿದ್ದು..." ಅಂತ ಶುರು ಮಾಡ್ದೆ, ಮುಂದೆ ಬರ್ಲಿಲ್ಲ. ನನ್ನ ಕೈಯೆಲ್ಲ ಈರುಳ್ಳಿ ಸಿಪ್ಪೆ, ಕಣ್ಣುಜ್ಜಿಕೊಂಡೆ, ಇನ್ನೂ ಉರೀತು.

"ಫೋನ್ 4500ಕ್ಕೆ ಹೋಯ್ತು" ಅಂದ. "ಅದ್ರಲ್ಲಿ ಇದ್ದ ಸೇವ್ ಬಗ್ಗೆ ತಲೆ ಕೆಡಿಸ್ಕೊಂಡಿರ್ಲಿಲ್ಲ. ನಿಂದು ಹೋದಾಗ ಹೊಟ್ಟೆ ಉರೀತು ಕಣೋ. ನಿಂಗೆ ಹೇಳೋಣ ಅಂದ್ರೆ ನೀನು ಶುರು ಹಚ್ಕೊಂಡ್ಬಿಟ್ಟಿದ್ದೆ."

"ತಪ್ಪಾಯ್ತು ಕಣೋ" ಅಂದೆ. ಅಷ್ಟೇ ಬಂದಿದ್ದು.

"ಸರಿ, ಗೆಂಗಾರ್ ತಗೋ, ಬ್ಯಾಟರಿ 20 ಪರ್ಸೆಂಟ್ ಇದೆ" ಅಂದ.

8/8

ಆಮೇಲೆ ವೇಗ ಹಿಡೀತು. ಮಚೋಕ್, ಗ್ರಾವೆಲರ್ ಹೋಗಿ ಬಂದ್ವು. ವಲ್ಪಿಕ್ಸ್ ಕೊಟ್ಟ, ನಾನು ಗ್ರೌಲಿತ್ ಕೊಟ್ಟೆ. ಸ್ಲೋಪೋಕ್‌ಗೆ ಸೈಡಕ್. ಪಿನ್ಸರ್‌ಗೆ ಸೈತರ್. ಡೇ ಕೇರ್‌ನಲ್ಲಿ ಮೊಟ್ಟೆ ಮಾಡಿಸಿ ಇಟ್ಟಿದ್ದ ಒಂದು ಸ್ಕ್ವರ್ಟಲ್ ಕೂಡ ಕೊಟ್ಟ, "ನಿನ್ನ ಫೋನಲ್ಲಿ ಒಂದ್ಸಲ ಇತ್ತಲ್ಲ" ಅಂತ. ನಗಬೇಕೋ ಬೇಡ್ವೋ ಗೊತ್ತಾಗ್ಲಿಲ್ಲ, ಅವನೇ ನಕ್ಕ. ಕಡಾಬ್ರಾ ಕಳಿಸಿದ್ದು ಅಲಕಜಾಮ್ ಆಗಿ ಅವನ ಹತ್ರಾನೇ ಇದೆ. "ಇದನ್ನ ಇಟ್ಕೊಳ್ಲಾ?" ಅಂದ, ಇಟ್ಕೋ ಅಂದೆ. ಹಾಗಾಗಿ ನನ್ನ ಲೆಡ್ಜರಲ್ಲಿ ಆ ಒಂದು ಸಾಲು ಖಾಲಿ, ಮತ್ತೆ ಆಬ್ರಾ ಹಿಡೀಬೇಕು. ಅದು ಎದುರಾದ ತಕ್ಷಣ ಟೆಲಿಪೋರ್ಟ್ ಆಗಿ ಮಾಯ ಆಗುತ್ತೆ, ಹಿಡಿದವರಿಗೆ ಗೊತ್ತು ಕಷ್ಟ.

ಬ್ಯಾಟರಿ 6ಕ್ಕೆ ಬಂತು. ಸೇವ್ ಮಾಡೋಕೆ ಮುಂಚೆ ಅವನ ಆಟದಲ್ಲಿ ಎದುರಾಳಿ ಹೆಸರೇನು ಅಂತ ಕೇಳ್ದೆ. ಈ ಲೀಫ್‌ಗ್ರೀನ್ ಅವನು ಹೋದ ವರ್ಷ, ಹೊಸ ಫೋನ್ ತಗೊಂಡ್ಮೇಲೆ ಶುರು ಮಾಡಿದ್ದು. ತೋರಿಸಿದ. ಕಡೂರು. ಇಂಗ್ಲಿಷಲ್ಲಿ ಐದೇ ಅಕ್ಷರ, ಪೂರ್ತಿ ಹಿಡಿದಿದೆ.

ಬಸ್ ಸ್ಟ್ಯಾಂಡಿಗೆ ಬಿಡೋವಾಗ "ಡಿಗ್ರಿ ಆದ್ಮೇಲೆ ಏನ್ ಮಾಡ್ತೀಯ?" ಅಂತ ಕೇಳ್ದ. ನೆಂಟರಿಗೆ ಹೇಳೋ ಥರ ಸಿಎ, ಬ್ಯಾಂಕಿಂಗ್ ಎಕ್ಸಾಮು ಅಂತ ಶುರು ಮಾಡಿ, ಮಧ್ಯದಲ್ಲೇ "ಗೊತ್ತಿಲ್ಲ ಕಣೋ" ಅಂದೆ. ಅವನು "ಹ್ಞೂಂ" ಅಂದ. ಸ್ವಲ್ಪ ದೂರ ಹೋದ್ಮೇಲೆ, "ದೂರಶಿಕ್ಷಣದಲ್ಲಿ ಬಿಕಾಂ ಮಾಡ್ಬೋದಂತೆ, ಪುಸ್ತಕ ಇದ್ರೆ ಎಸೀಬೇಡ" ಅಂದ. ಮೊದಲನೇ ಸೆಮ್ ಇಂದ ಎಲ್ಲ ಪುಸ್ತಕ ಅಟ್ಟದ ಮೇಲಿಂದ ಇಳಿಸಿ ಧೂಳು ಹೊಡೆದು ಇಟ್ಟಿದೀನಿ. ಮುಂದಿನ ಭಾನುವಾರ ತಗೊಂಡು ಹೋಗ್ತೀನಿ.

ಈಗ ನಂದು 139. ಹಿಟ್‌ಮನ್‌ಚಾನ್ ತರೀಕೆರೆ ಹತ್ರ ಇದೆ, ಅವನು ಇಂಟರ್ನಲ್ಸ್ ಮುಗಿಸ್ಕೊಂಡು ಬರ್ತೀನಿ ಅಂದಿದಾನೆ. ಮೂರೂ ಜನ ಅಮೃತಾಪುರದ ಅಮೃತೇಶ್ವರ ದೇವಸ್ಥಾನದಲ್ಲಿ ಸಿಗೋದು ಅಂತ ಆಗಿದೆ. 1196ರ ಹೊಯ್ಸಳ ಗುಡಿ ಅದು, ತರೀಕೆರೆಯವನು ಐದು ವರ್ಷದಿಂದ ಕರೀತಾನೇ ಇದಾನೆ. ಈ ಸಲ ಪವರ್ ಬ್ಯಾಂಕ್ ನಾನು ತರ್ಬೇಕಂತೆ.

ಕಡೂರು, ಬೀರೂರು ಕಡೆ ಯಾರ ಹತ್ರ ಆದ್ರೂ ಓಮನೈಟ್ ಇದ್ರೆ ಡಿಎಂ ಮಾಡಿ. ಬದಲಿಗೆ ಕಬೂಟೊ ಕೊಡ್ತೀನಿ.